ಅಪ್‌ಡೇಟ್: ತಂಗಿಯ ಜೀವನಾಂಶದ ಕೇಸಲ್ಲಿ ಮಧ್ಯಂತರ ಆರ್ಡರ್ ಬಂತು

ಹೋದ ವಾರ ಕೇಳಿದ್ದೆನಲ್ಲ, ಮಂಗಳೂರಲ್ಲಿರುವ ಭಾವ ಆದಾಯವೇ ಇಲ್ಲ ಅಂತಿದ್ದಾರೆ, ಏನು ಮಾಡೋದು ಅಂತ. ಕಾಸರಗೋಡಿನ ಕೋರ್ಟಲ್ಲಿ ಮೊನ್ನೆ ಮಧ್ಯಂತರ ಆರ್ಡರ್, ಅಂದ್ರೆ ಕೇಸ್ ಮುಗಿಯುವ ತನಕದ್ದು, ಆಯ್ತು, ತಂಗಿಗೆ 6,000, ಮಗುವಿಗೆ 4,000, ತಿಂಗಳಿಗೆ.

ಕೆಲಸಕ್ಕೆ ಬಂದದ್ದು ಆಸ್ತಿ-ಸಾಲದ ಅಫಿಡವಿಟ್ (ಆದಾಯ, ಆಸ್ತಿ, ಸಾಲ ಎಲ್ಲ ಪ್ರಮಾಣ ಮಾಡಿ ಬರೆದು ಕೊಡುವ ಪತ್ರ) ಹಿಡಿದು ಕೂತ್ಕೊಳ್ಳಿ ಅಂದವರ ಸಲಹೆ, ತುಂಬಾ ಥ್ಯಾಂಕ್ಸ್. ಸುಪ್ರೀಂ ಕೋರ್ಟಿನ 2020ರ ರಜನೀಶ್-ನೇಹಾ ತೀರ್ಪಿನ ಪ್ರಕಾರ ಅದನ್ನು ಇಬ್ಬರೂ ಕೊಡಲೇಬೇಕಂತೆ, ಭಾವನ ಬ್ಯಾಂಕ್ ಸ್ಟೇಟ್‌ಮೆಂಟಲ್ಲಿ ಪ್ರತಿ ತಿಂಗಳು 5ನೇ ತಾರೀಕಿಗೆ ದುಡ್ಡು ಬಿದ್ದದ್ದು ಕಂಡಿತು, ಮತ್ತೆ ಅವರ ವಕೀಲರು ಜಾಸ್ತಿ ಮಾತಾಡಲಿಲ್ಲ. ನಮ್ಮ ಕಡೆಯಿಂದ ಅಂಗನವಾಡಿ ಬಿಟ್ಟು ಶಾಲೆಗೆ ಸೇರಿಸಿದ ಫೀಸಿನ ರಶೀದಿ, ಮಗುವಿನ ವೀಸಿಂಗಿನ ಮದ್ದಿನ ಚೀಟಿ ಎಲ್ಲ ಕೊಟ್ಟೆವು, ಅಮ್ಮ ಬೆಲ್ಲದ ಡಬ್ಬದಲ್ಲಿ ಜೋಪಾನ ಮಾಡಿಟ್ಟಿದ್ದರು.

ಭಾವನ ಕಾರಿನ ಫೋಟೋ ಪ್ರಿಂಟ್ ಮಾಡಿ ಕೊಡಿ ಅಂದದ್ದು ನಮಗೆ ಉಪಯೋಗ ಆಗಲಿಲ್ಲ. ತಂಗಿ ಹೊಲಿಗೆ ಮಾಡ್ತಾಳೆ, ಹಾಗಾಗಿ ಏನೂ ಸಿಗಲ್ಲ ಅಂತಲೂ ಕೆಲವರು ಹೆದರಿಸಿದ್ದರು, ಆದ್ರೆ ಸ್ವಲ್ಪ ದುಡಿದ ಮಾತ್ರಕ್ಕೆ ಹಕ್ಕು ಹೋಗಲ್ಲ, ಮೊತ್ತ ನಿಗದಿ ಮಾಡುವಾಗ ಅದನ್ನೂ ಲೆಕ್ಕಕ್ಕೆ ತಗೊಳ್ತಾರೆ ಅಷ್ಟೆ.

ಗೊತ್ತೇ ಇಲ್ಲದ ವಿಷಯ ಅಂದ್ರೆ ಹಣ ಆರ್ಡರ್ ಆದ ದಿನದಿಂದಲ್ಲ, ಅರ್ಜಿ ಹಾಕಿದ ದಿನದಿಂದ ಲೆಕ್ಕ. ಜೀವನಾಂಶ ಕೇಳುವ ಹಳೆ ಸಿಆರ್‌ಪಿಸಿ ಸೆಕ್ಷನ್ 125 ಈಗ ಬಿಎನ್‌ಎಸ್‌ಎಸ್ (ಸಿಆರ್‌ಪಿಸಿ ಬದಲಿಗೆ ಬಂದ ಹೊಸ ಕಾನೂನು) 144 ಆಗಿದೆ, ಅರ್ಜಿ ಹೆಂಡತಿ ಇರುವ ಊರಲ್ಲೇ ಹಾಕಬಹುದು, ಮಂಗಳೂರಿಗೆ ಓಡಾಡುವ ಕಷ್ಟ ಇಲ್ಲ.