ಅಪ್‌ಡೇಟ್: ಸೋಮೇಶ್ವರ ಕಾಡಂಚಿನ ಆ ಕಟ್ಟಡದ ಕೆಲಸ ನಿಂತಿದೆ

ಹೆಬ್ರಿ ಬಳಿ, ಸೋಮೇಶ್ವರ ಅಭಯಾರಣ್ಯಕ್ಕೆ ತಾಗಿದ ಗುಡ್ಡದಲ್ಲಿ ಹೋಮ್‌ಸ್ಟೇ ಏಳುತ್ತಿದೆ, ಪಂಚಾಯತ್ ಲೈಸೆನ್ಸ್ ಇದೆಯಂತೆ, ಏನು ಮಾಡಬಹುದು ಅಂತ ಕೇಳಿದ್ದೆ. ಜಂಟಿ ಸರ್ವೆಗೆ ಅರ್ಜಿ ಹಾಕಿ ಎಂದವರಿಗೆ ತುಂಬ ಥ್ಯಾಂಕ್ಸ್. ಅದೇ ಕೆಲಸಕ್ಕೆ ಬಂತು.

ಕಂದಾಯದವರೂ ಅರಣ್ಯದವರೂ ಒಟ್ಟಿಗೆ ಬಂದು ಅಳೆದರು. ಮಾಲೀಕರು ಕುಮ್ಕಿ (ಕೃಷಿ ಜಮೀನಿಗೆ ತಾಗಿದ ಸರ್ಕಾರಿ ಜಾಗ) ಅಂತ ತೋರಿಸುತ್ತಿದ್ದ ಕಡೆ ಪೊದೆ ಸವರಿದಾಗ ಅರಣ್ಯದ ಹಳೇ ಗಡಿಕಲ್ಲು ಸಿಕ್ಕಿತು. ಕೆಂಪುಕಲ್ಲಿನ ಗೋಡೆ ಅದರಿಂದ ಕಾಡಿನ ಒಳಗೇ ಎದ್ದಿದೆ! ಕುಮ್ಕಿಯೇ ಆಗಿದ್ದರೂ ಅದು ಸರ್ಕಾರಿ ಜಾಗ; ಸೊಪ್ಪು, ಸೌದೆ, ಮೇವಿನ ಸವಲತ್ತು ಇದೆ, ಕಟ್ಟಡ ಕಟ್ಟುವ ಹಕ್ಕಿಲ್ಲ. ಅರಣ್ಯ ಭೂಮಿಯಾದರೆ 1980ರ ಅರಣ್ಯ ಸಂರಕ್ಷಣಾ ಕಾಯ್ದೆಯಡಿ ಕೇಂದ್ರದ ಒಪ್ಪಿಗೆ ಬೇಕು, ಪಂಚಾಯತ್ ಲೈಸೆನ್ಸ್ ಅದಕ್ಕೆ ಬದಲಿಯಲ್ಲ. 1996ರ ಗೋದಾವರ್ಮನ್ ಆದೇಶದಲ್ಲಿ ಸುಪ್ರೀಂ ಕೋರ್ಟ್, ಮಾಲೀಕತ್ವ ಯಾರದ್ದೇ ಇರಲಿ, ಕಾಡಿಗೆ ಆ ಕಾಯ್ದೆ ಅನ್ವಯ ಎಂದಿದೆ.

ಎಸಿಎಫ್ (ಸಹಾಯಕ ಅರಣ್ಯ ಸಂರಕ್ಷಣಾಧಿಕಾರಿ) ಕರ್ನಾಟಕ ಅರಣ್ಯ ಕಾಯ್ದೆಯ 64-ಎ ಅಡಿ, ಅಂದರೆ ಒತ್ತುವರಿ ತೆರವಿನ ಕಲಮಿನಡಿ, ನೋಟಿಸ್ ಕೊಟ್ಟರು, ಮಾಲೀಕರು ಹೈಕೋರ್ಟಿಗೆ ಹೋದರು. ಅವರ ಅಹವಾಲು ಕೇಳಿಯೇ ತೀರ್ಮಾನಿಸಿ, ಅಲ್ಲಿತನಕ ಯಥಾಸ್ಥಿತಿ ಎಂದಿತು ಕೋರ್ಟ್. ಕೆಲವರಿಗೆ ಬೇಸರವಾಯಿತು, ನನಗೆ ಸರಿಯೆನಿಸಿತು. ಅಹವಾಲಿಗೆ ಅವಕಾಶ ಕೊಡಬೇಕೆಂದು 64-ಎಯಲ್ಲೇ ಇದೆ. ಇದೇ ಕಲಂ ನಾಳೆ ಇಲ್ಲಿನ ಕಾಡುವಾಸಿ ಬುಡಕಟ್ಟಾದ ಮಲೆಕುಡಿಯರ ಮನೆ ಬಾಗಿಲಿಗೂ ಬರಬಹುದು. 2006ರ ಅರಣ್ಯ ಹಕ್ಕು ಕಾಯ್ದೆಯ ಅರ್ಜಿ ಇತ್ಯರ್ಥವಾಗದೆ ಅವರನ್ನು ಎಬ್ಬಿಸುವಂತಿಲ್ಲ, ನೆನಪಿರಲಿ.

ವಿಚಾರಣೆ ನಡೆಯುತ್ತಿದೆ. ಸರ್ವೆ ನಕ್ಷೆಯ ದೃಢೀಕೃತ ಪ್ರತಿಗೆ ಅರ್ಜಿ ಹಾಕಿದ್ದೇನೆ. ಆದೇಶ ಬಂದ ಕೂಡಲೇ ಬರೆಯುತ್ತೇನೆ.