ಶಿಮುರಾ ತಕಾಶಿ: ನಾಲ್ಕು ಐತಾರ, ಯಾವ ಸಿನಿಮಾ ಮೊದಲ?

ತೊಗರಿಕಣಜ:
ಕಲಬುರಗಿಯಾಗ ಮೂವತ್ತು ಮಂದಿಗಿ ಪ್ರೊಜೆಕ್ಟರ್ ಮ್ಯಾಲ ಜಪಾನಿ ನಟ ಶಿಮುರಾ ಸಿನಿಮಾ ತೋರಸೋದದ. ಎಲ್ಲಾರಿಗೂ ಇವರ ಜೋಡಿ ನಟ ಮಿಫುನೆ ಗೊತ್ತು, ಇವರು ಗೊತ್ತಿಲ್ಲ. ಪೋಷಕ ನಟನ ಕೆಲಸ ಕಣ್ಣಿಗಿ ಬೀಳೋಹಂಗ ಯಾವ ಕ್ರಮದಾಗ ಹಾಕಬೇಕ್ರಿ?

ಭೀಮಾತೀರ:
ವರ್ಷದ ಕ್ರಮನ ಹಿಡೀರಿ. 1948ರ 'ಡ್ರಂಕನ್ ಏಂಜೆಲ್', 1949ರ 'ಸ್ಟ್ರೇ ಡಾಗ್', 1952ರ 'ಇಕಿರು', ಕಡೀಕ 1954ರ 'ಸೆವೆನ್ ಸಮುರಾಯ್'. ನಿರ್ದೇಶಕ ಕುರೊಸಾವಾ ಮಾಡಿದ 30 ಸಿನಿಮಾದಾಗ ಶಿಮುರಾ 21ರಾಗ ಅದಾರ, ಮಿಫುನೆ 16ರಾಗ. ಮೊದಲಿನ ಎರಡರಾಗ ಇಬ್ಬರದೂ ಜೋಡಿ: ಒಂದರಾಗ ಶಿಮುರಾ ಡಾಕ್ಟರ್, ಮಿಫುನೆ ಕ್ಷಯ ಹತ್ತಿದ ಗೂಂಡಾ; ಇನ್ನೊಂದರಾಗ ಶಿಮುರಾ ಹಿರಿಯ ಪತ್ತೇದಾರ, ಮಿಫುನೆ ಪಿಸ್ತೂಲ್ ಕಳಕೊಂಡ ಹುಡುಗ ಪತ್ತೇದಾರ. ಮಿಫುನೆ ಮಾತಾಡುವಾಗ ಶಿಮುರಾನ್ನ ನೋಡ್ರಿ ಅಂತ ಮಂದಿಗಿ ಮೊದಲ ಹೇಳ್ರಿ. ಎದುರಿನವರ ಮಾತು ಕೇಳೋದರಾಗನ ಇವರ ಅರ್ಧ ಅಭಿನಯ ಅದ.

'ಇಕಿರು' 143 ನಿಮಿಷ. ಇದರಾಗ ಇವರನ ನಾಯಕ, ತಮಗ 47 ವಯಸ್ಸಿದ್ದಾಗ ವತಾನಬೆ ಅನ್ನೋ ಸಾಯೋ ಮುದುಕ ಸರಕಾರಿ ಅಧಿಕಾರಿ ಆಗ್ಯಾರ. ವತಾನಬೆ ಸಿನಿಮಾ ಮುಗಿಯೋಕಿಂತ ಬಾಳ ಮೊದಲ ಸಾಯ್ತಾನ, ಉಳಿದದ್ದು ಸಾವಿನ ಮನಿ ಮಾತು. ಅಲ್ಲಿ ಚಹಾಕ್ಕ ಬಿಟ್ರ ಮುಗೀತಂತ ಮಂದಿ ಎದ್ದು ಹೋಗ್ತಾರ. ಸಿನಿಮಾ ಶುರುವಾಗಿ ಒಂದು ತಾಸಾದಾಗನ ವಿರಾಮ ಕೊಡ್ರಿ.

'ಸೆವೆನ್ ಸಮುರಾಯ್' 207 ನಿಮಿಷದ್ದೇ ಇರಲಿ, ಕಡಿಮಿ ಇದ್ದದ್ದು ಕತ್ತರಿಸಿದ ಪ್ರತಿ. ವಿರಾಮ ಅದರೊಳಗೇ ಅದ. ಕೂಸಿನ್ನ ಉಳಸಲಿಕ್ಕೆ ಸನ್ಯಾಸಿ ವೇಷ ಹಾಕಿ ತಲಿ ಬೋಳಿಸಿದ ಕಾಂಬೆ (ಶಿಮುರಾ ಪಾತ್ರ), ಮುಂದ ವಿಚಾರ ಮಾಡುವಾಗೆಲ್ಲ ಆ ತಲಿ ಸವರಕೋತಾನ. ಎರಡು ವರ್ಷದ ಹಿಂದ 'ಇಕಿರು'ದಾಗ ಬಗ್ಗಿ ನಡದ ಮನುಷ್ಯ ಇವನೇನಾ ಅನಸ್ತದ. ಈ ಎರಡು ಸಿನಿಮಾದ ನಡುವ ಬ್ಯಾರೆ ಸಿನಿಮಾ ತುರುಕಬ್ಯಾಡ್ರಿ.

ಬೀದರಕೋಟಿ:
ನಾಲ್ಕೂ ಹಳೀ ಚೌಕಟ್ಟಿನವು, ಅಗಲ-ಎತ್ತರ ಸುಮಾರು 4:3. ಪ್ರೊಜೆಕ್ಟರ್ 16:9ಕ್ಕ ಎಳದ್ರ ಮುಖ ಮೂರನೇ ಒಂದು ಪಾಲು ಹೆಚ್ಚು ಅಗಲ ಆಗ್ತದ. ಶಿಮುರಾ ಕೆಳತುಟಿ, ಕಣ್ಣುರೆಪ್ಪಿ ಮ್ಯಾಲ ಅಭಿನಯ ಮಾಡೋರು, ಎಲ್ಲಾ ಹಾಳಾಗ್ತದ. ಎರಡೂ ಕಡೆ ಕಪ್ಪು ಪಟ್ಟಿ ಬಂದ್ರ ಬರಲಿ. 'ಇಕಿರು'ದಾಗ ಹಿಮ ಬೀಳೋ ರಾತ್ರಿ ಉಯ್ಯಾಲಿ ಮ್ಯಾಲ ಹಾಡೋದು ಅದ, ಕಿಟಕಿಯಿಂದ ಬೆಳಕ ಬಂದ್ರ ಏನೂ ಕಾಣಂಗಿಲ್ಲ. ಹೊತ್ತು ಮುಳುಗಿದ ಮ್ಯಾಲೇ ಶುರು ಮಾಡ್ರಿ. ಸಬ್‌ಟೈಟಲ್‌ಗೆ ಕಪ್ಪು ಅಂಚು ಇಡ್ರಿ, ಬಿಳಿ ಅಕ್ಷರ ಹಿಮದಾಗ ಕರಗ್ತಾವ.

ತೊಗರಿಕಣಜ:
'ಗಾಡ್ಜಿಲ್ಲಾ' ಕೇಳೋ ಹುಡುಗರೂ ಅದಾರ. ಸೇರಸಬಹುದೇನ್ರಿ?

ಭೀಮಾತೀರ:
ಐದನೇ ಐತಾರ ಇದ್ರ ಸೇರಸ್ರಿ. ಅದೂ 1954ರದೇ, ಶಿಮುರಾ ಡಾ. ಯಮಾನೆ: ಪ್ರಾಣೀನ ಕೊಲ್ಲಬ್ಯಾಡ್ರಿ, ಅಭ್ಯಾಸ ಮಾಡ್ರಿ ಅನ್ನೋ ವಿಜ್ಞಾನಿ. 96 ನಿಮಿಷದ ಜಪಾನಿ ಪ್ರತಿ ತರ್ರಿ. 1956ರ ಅಮೆರಿಕನ್ ಪ್ರತಿಯಾಗ ರೇಮಂಡ್ ಬರ್ ಅನ್ನೋ ನಟನ್ನ ಸೇರಿಸಿ, ಮೂಲದ ದೃಶ್ಯ ಕತ್ತರಿಸ್ಯಾರ.