ಅಪ್‌ಡೇಟ್: ಚಿಕ್ಕಪ್ಪನ ಬಗ್ಗೆ ಕೇಳಿದ್ದೆನಲ್ಲ

ಚಿಕ್ಕಪ್ಪನಿಗೆ ಕೊನೇ ಹಂತದ ಕ್ಯಾನ್ಸರ್, ಬಸವನಗುಡಿ ಮನೆಯಲ್ಲಿ ಒಬ್ಬರೇ ಇದ್ದಾರೆ, ನೋವು ತಡೆಯಲಾಗುತ್ತಿಲ್ಲ, ಏನು ಮಾಡಲಿ ಎಂದು ಕೇಳಿದ್ದೆ. ನೀವು ಹೇಳಿದ ಹಾಗೆ ಕರುಣಾಶ್ರಯಕ್ಕೆ ಫೋನ್ ಮಾಡಿದೆ. ಮಾರತಹಳ್ಳಿ ಹತ್ತಿರದ ಈ ಸಂಸ್ಥೆ 1999ರಿಂದ ಗುಣವಾಗದ ಕ್ಯಾನ್ಸರ್ ಇರುವವರನ್ನು ಉಚಿತವಾಗಿ ನೋಡಿಕೊಳ್ಳುತ್ತಿದೆ. ಮನೆಗೂ ಬರುತ್ತಾರೆ. ಮಾರ್ಫಿನ್ ಮಾತ್ರೆಯನ್ನು ನೋವು ಬಂದಾಗ ಮಾತ್ರ ಅಲ್ಲ, 4 ಗಂಟೆಗೊಮ್ಮೆ ತಪ್ಪದೆ ಕೊಡಬೇಕಂತೆ. ಜೊತೆಗೆ ಅದರಿಂದ ಆಗುವ ಮಲಬದ್ಧತೆಗೂ ಔಷಧಿ. ಈಗ ರಾತ್ರಿ ನಿದ್ದೆ ಮಾಡುತ್ತಾರೆ.

ಒಂಟಿತನಕ್ಕೆ ಮಾತ್ರೆ ಇಲ್ಲ, ಅಲ್ವಾ? ನೆಂಟರು ಬಂದರೂ 'ಏನೂ ಆಗಲ್ಲ, ಧೈರ್ಯವಾಗಿರಿ' ಅಂತ ಹೇಳಿ ಹೊರಡುತ್ತಿದ್ದರು. ಚಿಕ್ಕಪ್ಪನಿಗೆ ಸಾವಿನ ಬಗ್ಗೆಯೇ ಮಾತಾಡಬೇಕಿತ್ತು. ಮೊನ್ನೆ ನಾನೇ ಕೇಳಿದೆ, 'ಭಯ ಆಗುತ್ತಾ ಚಿಕ್ಕಪ್ಪ?' ಎಂದು. ತುಂಬಾ ಹೊತ್ತು ಮಾತಾಡಿದರು. ಸುಮ್ನೆ ಕೂತು ಕೇಳಿದೆ. ಈ ಭಾನುವಾರ ಹಳೇ ಗೆಳೆಯರಿಬ್ಬರು ಇಸ್ಪೀಟಾಡಲು ಬರುತ್ತಿದ್ದಾರೆ.